ಕಲ್ಲಚ್ಚಿನಿಂದ ದೇವರಮನೆಗೆ: ರವಿವರ್ಮ ಪ್ರೆಸ್ಸಿನ ಕಥೆ

ಮೈಸೂರಿನ ಜಗನ್ಮೋಹನ ಅರಮನೆಯ ಚಿತ್ರಶಾಲೆಯಲ್ಲಿ ದೀಪ ಹಿಡಿದ ಹೆಣ್ಣಿನ ಚಿತ್ರವೊಂದಿದೆ. ಅಂಗೈ ಮರೆಯ ದೀಪ, ಬೆರಳ ಸಂದಿಯಲ್ಲಿ ಕೆಂಪಗೆ ಸೋರುವ ಬೆಳಕು, ಆ ಬೆಳಕಿನಲ್ಲಿ ಹೊಳೆಯುವ ಮುಖ. ಅದನ್ನು ನೋಡಿ ಬಂದವರಲ್ಲಿ ಎಷ್ಟೋ ಮಂದಿ ರವಿವರ್ಮರ ಚಿತ್ರ ನೋಡಿದೆವೆಂದೇ ಹೇಳುತ್ತಾರೆ. ಬರೆದವರು ಮಹಾರಾಷ್ಟ್ರದ ಎಸ್.ಎಲ್. ಹಲ್ದಂಕರ್. ಅದಕ್ಕೆ ರೂಪದರ್ಶಿಯಾಗಿ ನಿಂತವಳು ಅವರ ಮಗಳು. ರವಿವರ್ಮ ತೀರಿಕೊಂಡು ದಶಕಗಳೇ ಕಳೆದ ಮೇಲೆ ಬಂದ ಕೃತಿ ಅದು. ಆದರೂ ಚೆಂದದ ಚಿತ್ರವೆಂದರೆ ರವಿವರ್ಮರದೇ ಇರಬೇಕು ಎನ್ನುವಷ್ಟು ಆ ಹೆಸರು ಜನರ ಬಾಯಲ್ಲಿ ನೆಲೆಸಿದೆ.

ಈ ಹೆಸರು ಅರಮನೆಯ ಗೋಡೆಗಳಿಂದ ಹಬ್ಬಿದ್ದಲ್ಲ. ಅರಮನೆಯ ತೈಲಚಿತ್ರಗಳನ್ನು ನೋಡುವ ಭಾಗ್ಯ ಎಷ್ಟು ಜನಕ್ಕಿತ್ತು? ಹಬ್ಬಿಸಿದ್ದು ಒಂದು ಮುದ್ರಣಾಲಯ. ದೊಡ್ಡ ಕಲಾವಿದರ ಬದುಕಿನಲ್ಲಿ ಅವರ ಕುಂಚಕ್ಕೆ ಸಲ್ಲುವ ಗೌರವ ಅವರು ಕಟ್ಟಿದ ಸಂಸ್ಥೆಗೆ ಸಲ್ಲುವುದು ಅಪರೂಪ. ರವಿವರ್ಮರನ್ನು ಪೂರ್ತಿಯಾಗಿ ಅರಿಯಬೇಕಾದರೆ ಅವರ ಪ್ರೆಸ್ಸಿನೊಳಗೂ ಒಮ್ಮೆ ಹೊಕ್ಕು ಬರಬೇಕು.

ರವಿವರ್ಮ ಹುಟ್ಟಿದ್ದು 1848ರ ಏಪ್ರಿಲ್ 29ರಂದು, ತಿರುವಾಂಕೂರು ಸಂಸ್ಥಾನದ ಕಿಳಿಮಾನೂರಿನಲ್ಲಿ. ಸೋದರಮಾವ ರಾಜರಾಜ ವರ್ಮರೇ ಮೊದಲ ಗುರು. ತಿರುವನಂತಪುರದ ಆಸ್ಥಾನಕ್ಕೆ ಹೋದ ಮೇಲೆ ತೈಲವರ್ಣದ ಗುಟ್ಟು ಕಲಿಯುವುದು ಸುಲಭವಾಗಲಿಲ್ಲ. ಆಸ್ಥಾನ ಚಿತ್ರಕಾರ ರಾಮಸ್ವಾಮಿ ನಾಯ್ಕರ್ ಹೇಳಿಕೊಡಲು ಒಪ್ಪಲಿಲ್ಲ. 1868ರಲ್ಲಿ ಬಂದ ಥಿಯೋಡರ್ ಜೆನ್ಸನ್ ಎಂಬ ಯೂರೋಪಿನ ಭಾವಚಿತ್ರಕಾರ ತಾನು ಬರೆಯುವುದನ್ನು ನಿಂತು ನೋಡಲು ಬಿಟ್ಟ, ಅಷ್ಟೇ. ಮಿಕ್ಕಿದ್ದನ್ನೆಲ್ಲ ಹುಡುಗ ತಾನೇ ಬಣ್ಣ ಕಲಸಿ, ಕೆಡಿಸಿ, ಮತ್ತೆ ಬಳಿದು ಕಲಿತುಕೊಂಡ.

ನಮ್ಮ ನಾಡಿನ ನಂಟು ಶುರುವಾಗುವುದು ಇಲ್ಲಿಂದಲೇ. 1870ರಲ್ಲಿ ರವಿವರ್ಮ ಕೊಲ್ಲೂರಿಗೆ ಬಂದು ಮೂಕಾಂಬಿಕೆಯ ಸನ್ನಿಧಿಯಲ್ಲಿ ವ್ರತ ಹಿಡಿದು ಕೂತರು. ಅಲ್ಲಿಂದ ಹಿಂದಿರುಗುವ ದಾರಿಯಲ್ಲಿ, ಕೋಳಿಕ್ಕೋಡಿನಲ್ಲಿ, ಕಿಳಕ್ಕೆ ಪಾಲಾಟ್ ಕೃಷ್ಣ ಮೆನೋನ್ ಕುಟುಂಬದ ಚಿತ್ರ ಬರೆದುಕೊಟ್ಟರು. ಹಣ ಪಡೆದು ಬರೆದ ಮೊದಲ ಚಿತ್ರ ಅದು. 1873ರಲ್ಲಿ ವಿಯೆನ್ನಾದ ಪ್ರದರ್ಶನದಲ್ಲಿ ಬಹುಮಾನ ಬಂತು. ಬರೋಡಾದ ಸಯಾಜಿರಾವ್ ಗಾಯಕವಾಡರು ರಾಮಾಯಣ, ಮಹಾಭಾರತಗಳ 14 ಚಿತ್ರಗಳನ್ನು ಬರೆಸಿದರು. ಈ ಪುರಾಣಚಿತ್ರಗಳಿಗೆ ಎಂಥ ಉಡುಗೆ ತೊಡಿಸಬೇಕೆಂದು ತಿಳಿಯಲು ರವಿವರ್ಮ ತಮ್ಮನಾದ ಸಿ. ರಾಜರಾಜ ವರ್ಮರೊಂದಿಗೆ ಉತ್ತರ ಭಾರತವನ್ನೆಲ್ಲ ಸುತ್ತಿದರು. ಕೊನೆಗೆ ಆರಿಸಿಕೊಂಡದ್ದು ಸೀರೆಯನ್ನು. ದಮಯಂತಿ, ಶಕುಂತಲೆಯರೆಲ್ಲ ಅಕ್ಕಪಕ್ಕದ ಮನೆಯ ಹೆಣ್ಣುಮಕ್ಕಳಂತೆ ಕಾಣತೊಡಗಿದ್ದು ಹೀಗೆ.

ಬರೋಡಾದ ಚಿತ್ರಗಳನ್ನು ಅರಮನೆಗೆ ಒಯ್ಯುವ ಮೊದಲು ಮುಂಬಯಿಯಲ್ಲಿ ಸಾರ್ವಜನಿಕರಿಗೆ ತೋರಿಸಲಾಯಿತು. ಜನ ಗುಂಪುಗುಂಪಾಗಿ ಬಂದರು. ನಮಗೂ ಒಂದು ಪ್ರತಿ ಬೇಕೆಂದು ಕೇಳುವವರಿಗೆ ಲೆಕ್ಕವಿಲ್ಲ. ಚಿತ್ರ ಕೇಳಿ ಬರುವ ಕಾಗದಗಳು ಹೆಚ್ಚಾಗಿ ಕಿಳಿಮಾನೂರಿನಲ್ಲಿ ಅಂಚೆ ಕಚೇರಿಯನ್ನೇ ತೆರೆಯಬೇಕಾಯಿತೆಂದು ಅವರ ಜೀವನಚರಿತ್ರೆ ಬರೆದವರು ಹೇಳುತ್ತಾರೆ. ಒಬ್ಬ ಮನುಷ್ಯ ಎಷ್ಟು ಬರೆದಾನು? ತಿರುವಾಂಕೂರು, ಬರೋಡಾಗಳಲ್ಲಿ ದಿವಾನರಾಗಿದ್ದ ಸರ್ ಟಿ. ಮಾಧವರಾಯರು ಹಿಂದೆಯೇ ಒಂದು ದಾರಿ ಸೂಚಿಸಿದ್ದರು: ಆಯ್ದ ಚಿತ್ರಗಳನ್ನು ಯೂರೋಪಿಗೆ ಕಳಿಸಿ ಅಚ್ಚು ಹಾಕಿಸಿ ಎಂದು. ರವಿವರ್ಮ ಒಂದು ಹೆಜ್ಜೆ ಮುಂದೆ ಹೋದರು. ಯಂತ್ರಗಳನ್ನೂ ಕೆಲಸಗಾರರನ್ನೂ ಜರ್ಮನಿಯಿಂದ ಇಲ್ಲಿಗೇ ಕರೆಸಿದರು. 1894ರಲ್ಲಿ ಮುಂಬಯಿಯಲ್ಲಿ ಪ್ರೆಸ್ ಶುರುವಾಯಿತು. ಮೊದಲು ಹೊರಬಿದ್ದ ಚಿತ್ರ ‘ಶಕುಂತಲಾ ಜನನ’: ಕೂಸನ್ನೆತ್ತಿ ತೋರಿಸುವ ಮೇನಕೆ, ಮುಖ ತಿರುಗಿಸಿಕೊಂಡ ವಿಶ್ವಾಮಿತ್ರ.

ಅಲ್ಲಿ ನಡೆಯುತ್ತಿದ್ದುದು ಕಲ್ಲಚ್ಚಿನ ಕೆಲಸ. ಜರ್ಮನಿಯ ಅಲೋಯಿಸ್ ಸೆನೆಫೆಲ್ಡರ್ 18ನೇ ಶತಮಾನದ ಕೊನೆಯಲ್ಲಿ ಕಂಡುಕೊಂಡ ಈ ವಿದ್ಯೆಯ ಬುಡದಲ್ಲಿರುವುದು ಒಂದು ಸರಳ ಸತ್ಯ: ಎಣ್ಣೆಗೂ ನೀರಿಗೂ ಕೂಡಿಬರುವುದಿಲ್ಲ. ಇದಕ್ಕೆ ಬವೇರಿಯಾದ ನುಣುಪಾದ ಸುಣ್ಣಕಲ್ಲು ಹೆಸರುವಾಸಿ. ಚಪ್ಪಡಿಯನ್ನು ಮರಳು ನೀರು ಹಾಕಿ ಸಮನಾಗಿ ಉಜ್ಜುತ್ತಾರೆ. ಅದರ ಮೇಲೆ ಜಿಡ್ಡಿನ ಕಡ್ಡಿಯಿಂದಲೋ ಮಸಿಯಿಂದಲೋ ಚಿತ್ರವನ್ನು ಎಡಬಲ ತಿರುಗಿಸಿ ಬರೆಯುತ್ತಾರೆ. ಗೋಂದು ಮತ್ತು ತೆಳು ಆಮ್ಲ ಸವರಿದಾಗ ಬರೆದ ಜಾಗ ಜಿಡ್ಡನ್ನು ಹಿಡಿದಿಟ್ಟುಕೊಳ್ಳುತ್ತದೆ, ಖಾಲಿ ಜಾಗ ನೀರನ್ನು ಹೀರಿಕೊಳ್ಳುತ್ತದೆ. ಕಲ್ಲನ್ನು ಒದ್ದೆ ಮಾಡಿ ಮಸಿಯ ಉರುಳೆ ಹಾಯಿಸಿದರೆ ಮಸಿ ಗೆರೆಗಳಿಗೆ ಮಾತ್ರ ಅಂಟುತ್ತದೆ. ಕಾಗದ ಇಟ್ಟು ಒತ್ತಿದರೆ ಚಿತ್ರ ಸಿದ್ಧ.

ಇದು ಒಂದು ಬಣ್ಣದ ಮಾತು. ರವಿವರ್ಮರ ಲಕ್ಷ್ಮಿಗೆ ಎಷ್ಟು ಬಣ್ಣಗಳಿವೆ ನೋಡಿ: ತಾವರೆಯ ನಸುಗೆಂಪು, ಕೊಳದ ಹಸಿರು ನೀರು, ಸೀರೆಯ ಅಂಚಿನ ಚಿನ್ನ, ಸೊಂಡಿಲಲ್ಲಿ ಹಾರ ಹಿಡಿದ ಆನೆಯ ಮಾಸಲು ಬಿಳುಪು. ಒಂದೊಂದು ಬಣ್ಣಕ್ಕೂ ಒಂದೊಂದು ಕಲ್ಲು. ಅದೇ ಕಾಗದ ಕಲ್ಲಿನಿಂದ ಕಲ್ಲಿಗೆ ಹೋಗಿ, ಒಣಗಿ, ಮತ್ತೆ ಮತ್ತೆ ಒತ್ತಿಸಿಕೊಳ್ಳಬೇಕು. ಕೂದಲೆಳೆಯಷ್ಟು ಜರುಗಿದರೂ ತುಟಿಯ ಕೆಂಪು ಗಲ್ಲಕ್ಕೆ ಬೀಳುತ್ತದೆ. ತೈಲಚಿತ್ರದಲ್ಲಿ ಕುಂಚದ ಒಂದೇ ಎಳೆತಕ್ಕೆ ಬರುವ ಕೆನ್ನೆಯ ನುಣುಪನ್ನು ಇಲ್ಲಿ ಸಾವಿರಾರು ಚುಕ್ಕಿಗಳಿಂದ ಕೂಡಿಸಬೇಕು. ಮೂಲಚಿತ್ರವನ್ನು ಕಣ್ಣಿನಲ್ಲೇ ಬಣ್ಣಬಣ್ಣವಾಗಿ ಬಿಡಿಸಿ, ಯಾವ ಕಲ್ಲಿನಲ್ಲಿ ಎಷ್ಟು ಚುಕ್ಕಿ ಎಂದು ತೀರ್ಮಾನಿಸುತ್ತಿದ್ದವರು ಕಲ್ಲಿನ ಮೇಲೆ ಬರೆಯುವ ಕಸುಬುದಾರರು. ನಮ್ಮ ದೇವರಮನೆಯ ಲಕ್ಷ್ಮಿಯ ಮುಖದಲ್ಲಿ ಅವರ ಕೈಯೂ ಇದೆ. ಚಿತ್ರದ ಕೆಳಗೆ ಅವರ ಹೆಸರಿಲ್ಲ. ಕಡೆಗೆ ಮೆರುಗೆಣ್ಣೆ ಹಚ್ಚಿ ತೈಲಚಿತ್ರದ ಹೊಳಪು ತರುತ್ತಿದ್ದರು. ಓಲಿಯೋಗ್ರಾಫ್ ಎಂದು ಕರೆಯುವುದು ಇದನ್ನೇ.

ಹೀಗೆ ಮನೆಮನೆಗೆ ಬಂದ ಚಿತ್ರಗಳು ಮಾಡಿದ ಕೆಲಸ ದೊಡ್ಡದು. ಜಾತಿಯ ಕಾರಣಕ್ಕೆ ಗುಡಿಯ ಹೊರಗೇ ನಿಲ್ಲಬೇಕಾಗಿದ್ದವರು ಆಗ ದೇಶದ ತುಂಬ ಇದ್ದರು. ರವಿವರ್ಮರದೇ ತಿರುವಾಂಕೂರಿನಲ್ಲಿ ದೇವಸ್ಥಾನ ಪ್ರವೇಶದ ರಾಜಘೋಷಣೆ ಹೊರಟಿದ್ದು 1936ರಲ್ಲಿ, ಪ್ರೆಸ್ ಶುರುವಾಗಿ 42 ವರ್ಷಗಳ ಮೇಲೆ. ಅಷ್ಟರೊಳಗೆ ಕಲ್ಲಚ್ಚಿನ ಲಕ್ಷ್ಮಿ, ಸರಸ್ವತಿಯರು ಯಾರ ಅಪ್ಪಣೆಯನ್ನೂ ಕೇಳದೆ ಗುಡಿಸಲುಗಳನ್ನೂ ಹೊಕ್ಕಾಗಿತ್ತು. ಹೆಂಗಸರು ಆ ಚಿತ್ರಗಳ ಸೀರೆಗೆ ನಿಜವಾದ ಜರಿ, ಬಟ್ಟೆ, ಚಮಕಿ ಹೊಲಿದು, ಒಡವೆಯ ಜಾಗಕ್ಕೆ ಮಣಿ ಅಂಟಿಸಿ, ಗಾಜಿನ ಚೌಕಟ್ಟು ಹಾಕಿಸಿ ಗೋಡೆಗೆ ತೂಗುಹಾಕಿದರು. ಅಂಥ ಪಟಗಳು ದಕ್ಷಿಣದ ಹಳೆಯ ಮನೆಗಳಲ್ಲಿ ಇಂದಿಗೂ ಸಿಗುತ್ತವೆ.

ಇಷ್ಟು ಜನಪ್ರಿಯವಾದ ಪ್ರೆಸ್ಸಿನಿಂದ ಅದನ್ನು ಕಟ್ಟಿದವರಿಗೆ ಲಾಭವಾಗಲಿಲ್ಲ. ಲೆಕ್ಕಪತ್ರ ನೋಡುತ್ತಿದ್ದವರು ತಮ್ಮ ರಾಜರಾಜ ವರ್ಮ. ಅವರೂ ಒಳ್ಳೆಯ ಚಿತ್ರಕಾರರೇ, ವ್ಯಾಪಾರಿಯಲ್ಲ. ಮುಂಬಯಿಗೆ ಪ್ಲೇಗ್ ಬಂತು. ಪ್ರೆಸ್ಸನ್ನು ಲೋಣಾವಳದ ಬಳಿಯ ಮಳವಲಿಗೆ ಸಾಗಿಸಿದರು. ಸಾಲ ಮಾತ್ರ ಬೆಳೆಯುತ್ತಲೇ ಹೋಯಿತು. 1901ರಲ್ಲಿ ಅಲ್ಲೇ ಕೆಲಸಕ್ಕಿದ್ದ ಜರ್ಮನ್ ತಂತ್ರಜ್ಞ ಫ್ರಿಟ್ಸ್ ಶ್ಲೈಷರ್‌ಗೆ ಮಾರಿಬಿಟ್ಟರು. ಶ್ಲೈಷರ್ ವ್ಯವಹಾರ ಬಲ್ಲವರು. ದೇವರಪಟಗಳ ಜೊತೆಗೆ ಜಾಹೀರಾತು, ಲೇಬಲ್ಲುಗಳನ್ನೂ ಅಚ್ಚು ಹಾಕಿ ಪ್ರೆಸ್ಸನ್ನು ದಡ ಮುಟ್ಟಿಸಿದರು. ಮುಂದೆ ‘ರಾಜಾ ಹರಿಶ್ಚಂದ್ರ’ ಚಲನಚಿತ್ರ ಮಾಡಿದ ದಾದಾಸಾಹೇಬ್ ಫಾಲ್ಕೆ ಕೂಡ ಒಂದಷ್ಟು ಕಾಲ ಇಲ್ಲಿ ದುಡಿದವರು. 1972ರಲ್ಲಿ ಬೆಂಕಿ ಬಿದ್ದು ಕಾರ್ಖಾನೆ ಸುಟ್ಟುಹೋಯಿತು. ಅದರೊಂದಿಗೆ ಎಷ್ಟೋ ಮೂಲ ಅಚ್ಚುಗಳೂ ಬೂದಿಯಾದವು.

ಟೀಕೆಗೂ ಕೊರತೆಯಿರಲಿಲ್ಲ. ಆನಂದ ಕುಮಾರಸ್ವಾಮಿ, ಸೋದರಿ ನಿವೇದಿತಾ ಮುಂತಾದವರಿಗೆ ಈ ದೇವತೆಗಳು ನಾಟಕದ ಪಾತ್ರಗಳಂತೆ ಕಂಡವು. ಅವನೀಂದ್ರನಾಥ ಟ್ಯಾಗೋರರ ಬಂಗಾಳಿ ಪಂಥ ಬೆಳೆದದ್ದೇ ಈ ಶೈಲಿಗೆ ಬೆನ್ನು ಹಾಕಿ. ನಮ್ಮ ಕೆ. ವೆಂಕಟಪ್ಪ ಕಲ್ಕತ್ತೆಗೆ ಹೋಗಿ ಕಲಿತದ್ದು ಅದೇ ಪಂಥದಲ್ಲಿ. ಟೀಕೆಯಲ್ಲಿ ಹುರುಳಿದೆ, ರವಿವರ್ಮರ ಪುರಾಣಚಿತ್ರಗಳಲ್ಲಿ ರಂಗಮಂಚದ ನಿಲುವು ಇದ್ದೇ ಇದೆ. ಆದರೆ ಹಾಗೆ ನಿಂತ ದೇವರನ್ನೇ ಜನ ತಮ್ಮ ದೇವರೆಂದು ಒಪ್ಪಿಕೊಂಡರು ಎಂಬುದೂ ಅಷ್ಟೇ ನಿಜ.

ರವಿವರ್ಮರ ತೈಲಚಿತ್ರಗಳನ್ನು ನೋಡಬಯಸುವವರಿಗೆ ಮೈಸೂರೇ ಒಳ್ಳೆಯ ಜಾಗ. ಕೊನೆಯ ವರ್ಷಗಳಲ್ಲಿ ನಾಲ್ವಡಿ ಕೃಷ್ಣರಾಜ ಒಡೆಯರಿಗಾಗಿ ಅವರು ಪುರಾಣಚಿತ್ರಗಳನ್ನು ಬರೆದರು. ಆ ಕೆಲಸದ ನಡುವೆಯೇ, 1905ರಲ್ಲಿ, ತಮ್ಮ ತೀರಿಕೊಂಡರು. 1906ರ ಅಕ್ಟೋಬರ್ 2ರಂದು ರವಿವರ್ಮರೂ ಹೋದರು. ಜಗನ್ಮೋಹನ ಅರಮನೆಯಲ್ಲಿ 1889ರ ‘ಗ್ಯಾಲಕ್ಸಿ ಆಫ್ ಮ್ಯುಸಿಶಿಯನ್ಸ್’ ಚಿತ್ರದ ಮುಂದೆ ಸ್ವಲ್ಪ ಹೊತ್ತು ನಿಲ್ಲಬೇಕು. ದೇಶದ ಬೇರೆ ಬೇರೆ ಸೀಮೆಗಳ ಉಡುಗೆ ಉಟ್ಟ 11 ಹೆಂಗಸರು ಒಟ್ಟಿಗೆ ಸೇರಿದ್ದಾರೆ, ಒಬ್ಬರನ್ನೊಬ್ಬರು ನೋಡುತ್ತಿಲ್ಲ. ಪ್ರತಿಯೊಬ್ಬಳ ರೇಷ್ಮೆಗೂ ಬೇರೆ ಹೊಳಪು.

ಅಚ್ಚುಗಳನ್ನು ನೋಡಲು ಅರಮನೆಗೆ ಹೋಗಬೇಕಿಲ್ಲ. ಅಜ್ಜಿಯ ಕಾಲದ ದೇವರಪಟ ಮನೆಯಲ್ಲಿದ್ದರೆ ಕೆಳಗಿನ ಅಂಚಿನಲ್ಲಿ ಪ್ರೆಸ್ಸಿನ ಹೆಸರಿದೆಯೇ ನೋಡಬಹುದು. ಅಂಚು ಕತ್ತರಿಸಿ ಹೋಗಿದ್ದರೆ ಭೂತಗನ್ನಡಿ ಸಾಕು. ಇಂದಿನ ಆಫ್‌ಸೆಟ್ ಮುದ್ರಣದ ಚುಕ್ಕಿಗಳು ಜಾಲರಿಯ ಹಾಗೆ ಲೆಕ್ಕವಾಗಿ ಕೂತಿರುತ್ತವೆ. ಕಲ್ಲಚ್ಚಿನವು ಹಾಗಲ್ಲ: ಕೆನ್ನೆಯ ಮೇಲೆ ವಿರಳ, ಕತ್ತಿನ ನೆರಳಿನಲ್ಲಿ ದಟ್ಟ, ಒಂದು ದೊಡ್ಡದು, ಪಕ್ಕದ್ದು ಚಿಕ್ಕದು. ಪ್ರೆಸ್ಸಿನ ಹೆಸರಿಲ್ಲದ ಪಟವನ್ನು ರದ್ದಿಗೆ ಹಾಕುವ ಮೊದಲು ಆ ಚುಕ್ಕಿಗಳನ್ನೊಮ್ಮೆ ನೋಡುವುದು ಒಳ್ಳೆಯದು.