ನಾಲ್ಕು ಮನೆ ಸೇರಿದರೆ ಆಲೆಮನೆ

ಐದು ಗುಂಟೆ ಕಬ್ಬು ಹಾಕಿ ಬೆಲ್ಲ ಮಾಡಿದರೆ ಗಿಟ್ಟುತ್ತದಾ? ದಾರಿಯಲ್ಲಿ ಸಿಕ್ಕವರು, ಫೋನ್ ಮಾಡಿದವರು ಎಲ್ಲರೂ ಕೇಳುವುದು ಇದನ್ನೇ. ನಾನು ತಿರುಗಿ ಒಂದು ಪ್ರಶ್ನೆ ಕೇಳುತ್ತೇನೆ: ಪಕ್ಕದ ಗದ್ದೆಯವರೂ ಹಾಕುತ್ತಾರಾ? ಹೌದು ಎಂದಾದರೆ ಕೂತು ಲೆಕ್ಕ ಹೇಳಬಹುದು. ಇಲ್ಲ ಎಂದಾದರೆ ಅಂಗಡಿಯಿಂದ ಬೆಲ್ಲ ತರುವುದೇ ಲೇಸು. ತಮಾಷೆಗೆ ಹೇಳುವ ಮಾತಲ್ಲ ಇದು.

ನಮ್ಮದು ಶಿರಸಿ ತಾಲೂಕು. ಅಡಿಕೆ ತೋಟದ ಆಚೆ ಒಂದಿಷ್ಟು ಗದ್ದೆ. ಶಿರಸಿ, ಸಿದ್ದಾಪುರ, ಸಾಗರದ ಕಡೆ ಮನೆಬಳಕೆಗೆ ಅಚ್ಚುಬೆಲ್ಲಕ್ಕಿಂತ ಜೋನಿಬೆಲ್ಲ ಹೆಚ್ಚು. ಜೋನಿ ಎಂದರೆ ಗಟ್ಟಿಯಾಗುವ ಮೊದಲೇ ಕೊಪ್ಪರಿಗೆಯಿಂದ ಇಳಿಸಿದ, ಜೇನಿನಂತೆ ಹರಿಯುವ ಬೆಲ್ಲ. ಬೆಳಗ್ಗೆ ತೆಳ್ಳೇವಿಗೆ (ತೆಳು ದೋಸೆ) ಜೋನಿ, ತುಪ್ಪ. ಬಿಸಿಲಲ್ಲಿ ಬಂದವರಿಗೆ ಆಸರಿಗೆ ಅಂತ ಮೊದಲು ಕೊಡುವುದು ಬೆಲ್ಲ, ನೀರು. ಚಾ, ಪಾಯಸ, ಗೊಜ್ಜು ಎಲ್ಲಕ್ಕೂ ಅದೇ ಡಬ್ಬಿಗೆ ಸೌಟು ಇಳಿಯುತ್ತದೆ. ನಮ್ಮ ಮನೆಗೆ ವರ್ಷಕ್ಕೆ ಎರಡು ಡಬ್ಬಿ ಬೇಕು. ಹಳೇ ಎಣ್ಣೆ ಡಬ್ಬಿಯ ಅಳತೆ ಹಿಡಿದರೆ ಒಂದಕ್ಕೆ 24–25 ಕಿಲೋ ಜೋನಿ ಹಿಡಿಯುತ್ತದೆ.

ಈ ಬೆಲ್ಲ ಮಾಡುವ ಜಾಗವೇ ಆಲೆಮನೆ. ಗದ್ದೆಯಲ್ಲಿ ಒಂದು ಚಪ್ಪರ, ಕಬ್ಬು ಅರೆಯುವ ಕಣೆ, ನೆಲ ಅಗೆದು ಮಾಡಿದ ಒಲೆ, ಅದರ ಮೇಲೆ ಕೊಪ್ಪರಿಗೆ. ಕಬ್ಬಿನ ರಸಕ್ಕೆ ನಾವು ಕಬ್ಬಿನ ಹಾಲು ಎನ್ನುತ್ತೇವೆ. ಆಲೆಮನೆ ದಾಟಿ ಹೋಗುವವರು ಹಾಲು ಕುಡಿಯದೆ ಹೋಗಬಾರದು ಎಂಬುದು ಕಟ್ಟಳೆ. ಗುರುತಿಲ್ಲದವನಾದರೂ ಸರಿ. "ಬರೀ ಬಾಯಲ್ಲಿ ಹೋಗಡ ಮಾರಾಯ, ಒಂದು ಲೋಟ ಕುಡ್ಕಂಡು ಹೋಗು" ಎಂದು ಕರೆಯುತ್ತಾರೆ. ಊರವರು ಸಂಜೆ ಮಂಡಕ್ಕಿ, ಮಿರ್ಚಿ ಕಟ್ಟಿಕೊಂಡು ಬರುತ್ತಾರೆ. ಹೋಗುವಾಗ ತಂಬಿಗೆಯಲ್ಲೋ ಕ್ಯಾನಿನಲ್ಲೋ ಮನೆಗೂ ಹಾಲು ಒಯ್ಯುತ್ತಾರೆ. ಹೊರಗಿನವರು ಇದನ್ನು ನೋಡಿ ಮಲೆನಾಡಿನವರ ಔದಾರ್ಯ ಎಂದು ಹೊಗಳುವುದುಂಟು. ಔದಾರ್ಯ ಇರಬಹುದು. ಅದರ ಹಿಂದೆ ಕೃಷಿಯ ಲೆಕ್ಕವೂ ಇದೆ.

ಒಬ್ಬನೇ ಹಾಕಿದರೆ ಏನಾಗುತ್ತದೆ

ಮೊದಲನೆಯದು ಪ್ರಾಣಿ. ಕಬ್ಬು ಹಂದಿಗೂ ಮಂಗನಿಗೂ ನರಿಗೂ ಬೇಕು. ಹಂದಿ ತಿನ್ನುವುದಕ್ಕಿಂತ ಮುರಿದು ಬೀಳಿಸುವುದೇ ಜಾಸ್ತಿ. ಬೇಲಿ ಹಾಕಿ ಎನ್ನುವವರಿದ್ದಾರೆ, ಹಾಕೋಣ, ಆದರೆ ಉದ್ದ ನೋಡಿ. ಗುಂಟೆ ಎಂದರೆ 33 ಅಡಿ ಚೌಕ. ಐದು ಗುಂಟೆ ಚೌಕಾಕಾರ ಇದ್ದರೂ ಸುತ್ತಳತೆ 295 ಅಡಿ ಆಗುತ್ತದೆ. ಐದು ಮನೆಯವರು ಐದು ಕಡೆ ಹಾಕಿದರೆ ಒಟ್ಟು ಸುಮಾರು 1475 ಅಡಿ ಬೇಲಿ ಬೇಕು. ಅದೇ 25 ಗುಂಟೆಯನ್ನು ಒಂದೇ ಬಯಲಲ್ಲಿ ಸೇರಿಸಿ ಹಾಕಿದರೆ 660 ಅಡಿ ಸಾಕು. ಅರ್ಧಕ್ಕಿಂತ ಕಡಿಮೆ. ರಾತ್ರಿ ಕಾಯುವುದೂ ಹಾಗೆ. ಒಬ್ಬನೇ ಆದರೆ ದಿನಾ ನಿದ್ದೆಗೇಡು. ಐದು ಮನೆ ಆದರೆ ಐದು ರಾತ್ರಿಗೊಮ್ಮೆ ಸರದಿ. ಬಯಲಲ್ಲಿ ಒಂಟಿಯಾಗಿ ಹಾಕಿದವನ ಗದ್ದೆಗೆ ಸುತ್ತಲಿನ ಕಾಡಿನದ್ದೆಲ್ಲ ಬರುತ್ತವೆ, ಬೇರೆ ಕಡೆ ಅವಕ್ಕೆ ಕಬ್ಬು ಎಲ್ಲಿದೆ?

ಎರಡನೆಯದು ಕಣೆ. ಹಿಂದೆ ಕೋಣನ ಕಣೆ ಇತ್ತು. ಕೋಣ ಸಾಕುವವರು ಕಡಿಮೆಯಾದರು, ಈಗ ನಮ್ಮಲ್ಲಿಗೆ ಬರುವುದು ಎಂಜಿನ್ ಕಣೆ. ಅದನ್ನು ವಾಹನದಲ್ಲಿ ತಂದು, ಹೂಡಿ, ಕೆಲಸ ಮುಗಿಸಿ ಒಯ್ಯಬೇಕು. ಐದು ಗುಂಟೆಗೆ ಅವರು ಬರುವುದಿಲ್ಲ, ಬಂದರೂ ಬಾಡಿಗೆ ಬೆಲ್ಲಕ್ಕಿಂತ ದುಬಾರಿ. ನಾಲ್ಕೈದು ಮನೆಯ ಕಬ್ಬು ಒಂದೇ ಕಡೆ ಸಿಕ್ಕರೆ ಅವರಿಗೂ ಗಿಟ್ಟುತ್ತದೆ. ಒಲೆ, ಚಪ್ಪರ ಒಂದೇ ಸಾಕು. ಇನ್ನೊಂದು ಉಪಕಾರ ಇದೆ: ಹಿಂಡಿದ ಸಿಪ್ಪೆ ಹಸಿಯಲ್ಲಿ ಉರಿಯುವುದಿಲ್ಲ, ಕೆಲವು ದಿನ ಒಣಗಬೇಕು. ಮೊದಲ ಮನೆಯವರ ಸಿಪ್ಪೆ ಕೊನೆಯ ಮನೆಯವರ ಒಲೆಗೆ ಆಗುತ್ತದೆ. ಒಬ್ಬನೇ ಆದವನು ಪೂರಾ ಕಟ್ಟಿಗೆಯನ್ನೇ ಸುಡಬೇಕು.

ಮೂರನೆಯದು ಆಳು. ಕಡಿದ ಕಬ್ಬನ್ನು ಇಟ್ಟುಕೊಂಡು ಕೂರುವಂತಿಲ್ಲ. ಕಡಿದ ಮರುದಿನದೊಳಗೆ ಅರೆದರೆ ಒಳ್ಳೆಯದು. ತಡವಾದಷ್ಟೂ ಸಕ್ಕರೆ ಅಂಶ ಒಡೆಯುತ್ತದೆ, ತೂಕ ಇಳಿಯುತ್ತದೆ, ಬೆಲ್ಲ ಪಾಕಕ್ಕೆ ಸರಿಯಾಗಿ ಬರುವುದಿಲ್ಲ. ಹಾಗಾಗಿ ಕಡಿಯುವವರು, ಸೋಗೆ ಸವರುವವರು, ಹೊರುವವರು, ಕಣೆಗೆ ಕೊಡುವವರು, ಒಲೆ ಮುಂದೆ ಕೂರುವವರು ಎಲ್ಲರೂ ಒಂದೇ ದಿನ ಬೇಕು. ದಿನಕ್ಕೆ ಎಂಟು ಜನ ಎಂದು ಹಿಡಿಯಿರಿ. ಅಡಿಕೆ ಕೊಯ್ಲಿನ ಹೊತ್ತಿಗೇ ಆಲೆಮನೆಯೂ ಬರುವುದರಿಂದ ಸಂಬಳಕ್ಕೆ ಆಳು ಸಿಗುವುದು ಕಷ್ಟ. ಸಿಕ್ಕುವುದು ಮುಯ್ಯಾಳು ಮಾತ್ರ. ಇವತ್ತು ನಿಮ್ಮ ಕಬ್ಬಿಗೆ ನಾವು, ನಾಳೆ ನಮ್ಮ ಕಬ್ಬಿಗೆ ನೀವು.

ಒಂದೂವರೆ ಡಬ್ಬಿಯ ಹಾಲು

ಈಗ ಆ ಹಾಲಿನ ಲೆಕ್ಕಕ್ಕೆ ಬರೋಣ. ಒಂದು ಟನ್ ಕಬ್ಬಿಗೆ ಅಚ್ಚುಬೆಲ್ಲವಾದರೆ ಸುಮಾರು 100 ಕಿಲೋ. ಜೋನಿಯಲ್ಲಿ ನೀರಿನಂಶ ಉಳಿಯುವುದರಿಂದ 110–120 ಕಿಲೋ ಸಿಗಬಹುದು. ಹತ್ತು ಲೀಟರ್ ಹಾಲು ಕಾಯಿಸಿದರೆ ಎರಡು ಕಿಲೋಕ್ಕಿಂತ ತುಸು ಹೆಚ್ಚು ಜೋನಿ. ನನ್ನ ಐದು ಗುಂಟೆಯಲ್ಲಿ ಮೂರು ಟನ್ ಕಬ್ಬು ಬಂದಿತ್ತು. ಹದಿನಾಲ್ಕು ಡಬ್ಬಿ ಜೋನಿ ಆಯಿತು. ನಮ್ಮ ಸರದಿಯ ನಾಲ್ಕು ದಿನಗಳಲ್ಲಿ ಬಂದವರು ಕುಡಿದದ್ದು, ಒಯ್ದದ್ದು ಎಲ್ಲ ಸೇರಿ ಹೆಚ್ಚೆಂದರೆ 150 ಲೀಟರ್ ಹಾಲು. ಜೋನಿಯ ಲೆಕ್ಕಕ್ಕೆ ಒಂದೂವರೆ ಡಬ್ಬಿ ಆಗಲಿಲ್ಲ. ಆ ನಾಲ್ಕು ದಿನ ಕೆಲಸಕ್ಕಾದ ಆಳು ಮೂವತ್ತೆರಡು. ಅದರಲ್ಲಿ ನಾನು ದುಡ್ಡು ಕೊಟ್ಟದ್ದು ಆರಕ್ಕೆ. ಉಳಿದದ್ದು ಮುಯ್ಯಿ, ಜೊತೆಗೆ ಹಾಲು ಕುಡಿಯಲು ಬಂದು ಸುಮ್ಮನೆ ನಿಲ್ಲಲಾರದೆ ಕೈ ಹಾಕಿದವರದು.

ಹಾಲು ಕೊಡುವುದನ್ನು ನಿಲ್ಲಿಸಿ, ಲೋಟಕ್ಕೆ ಇಷ್ಟು ಎಂದು ದುಡ್ಡು ತೆಗೆದುಕೊಂಡರೆ ಒಂದೂವರೆ ಡಬ್ಬಿ ಉಳಿಯುತ್ತದೆ ನಿಜ. ದುಡ್ಡು ಕೊಟ್ಟು ಕುಡಿದವನು ಲೋಟ ಇಟ್ಟು ಹೋಗುತ್ತಾನೆ. ಹಾಗೇ ಕುಡಿದವನು ಕೊಪ್ಪರಿಗೆ ಇಳಿಸುವಾಗ ಇನ್ನೊಂದು ಕಡೆ ಹಿಡಿಯುತ್ತಾನೆ. ಕುದಿಯುವ ಬೆಲ್ಲದ ಕೊಪ್ಪರಿಗೆ ಇಳಿಸಿದವರಿಗೆ ಆ ಇನ್ನೊಂದು ಕೈಯ ಬೆಲೆ ಗೊತ್ತು.

ಪೇಟೆಗಳಲ್ಲಿ ಆಲೆಮನೆ ಹಬ್ಬ ಎಂದು ಮಾಡುತ್ತಾರೆ. ಮಾಡಲಿ, ಬೆಳೆಗಾರನಿಗೆ ನಾಲ್ಕು ಕಾಸು ಬರುತ್ತದೆ, ಪೇಟೆಯ ಮಕ್ಕಳು ಹಾಲಿನ ರುಚಿ ನೋಡುತ್ತಾರೆ. ಆದರೆ ಅಲ್ಲಿ ಕುಡಿದವರು ನಮ್ಮ ಗದ್ದೆಗೆ ಕಾವಲಿಗೆ ಬರುವವರಲ್ಲ. ಅದು ವ್ಯಾಪಾರ, ಇದು ಬೇರೆ. ಎರಡನ್ನೂ ಒಂದೇ ಎಂದುಕೊಂಡರೆ ಪೇಟೆಯ ಹಬ್ಬ ಉಳಿದು ಊರಿನ ಕಬ್ಬು ಹೋಗುತ್ತದೆ.

ಇಪ್ಪತ್ತು ಕಣ್ಣು

ಬೆಲ್ಲ ಕಾಯಿಸುವ ಕ್ರಮ ಹಲವರಿಗೆ ಗೊತ್ತಿದೆ, ಗೊತ್ತಿಲ್ಲದವರಿಗಾಗಿ ಎರಡು ಮಾತು. ಹಾಲು ಬಿಸಿಯಾಗುತ್ತಿದ್ದಂತೆ ಮೇಲೆ ಕೊಳೆ ಬರುತ್ತದೆ, ಅದನ್ನು ಜಾಲರಿ ಸೌಟಿನಲ್ಲಿ ತೆಗೆಯುತ್ತ ಹೋಗಬೇಕು. ಸ್ವಲ್ಪ ಸುಣ್ಣದ ತಿಳಿ ಹಾಕಿದರೆ ಹುಳಿ ತಗ್ಗಿ ಕೊಳೆ ಬೇಗ ಬಿಡುತ್ತದೆ. ಸುಣ್ಣ ಹೆಚ್ಚಾದರೆ ಬೆಲ್ಲ ಕಪ್ಪು. ಬೆಂಡೆ ಗಿಡದ ದಂಟು ಜಜ್ಜಿ ತೆಗೆದ ಲೋಳೆಯನ್ನು ಹಾಕಿದರೂ ಕೊಳೆ ಒಟ್ಟಾಗುತ್ತದೆ. ಜೋನಿಗೆ 105–106 ಡಿಗ್ರಿ ಸೆಲ್ಸಿಯಸ್‌ಗೆ ಇಳಿಸಬೇಕು, ಅಚ್ಚುಬೆಲ್ಲಕ್ಕೆ 116–118ಕ್ಕೆ ಹೋಗಬೇಕು. ಥರ್ಮಾಮೀಟರ್ ಇಟ್ಟುಕೊಂಡವರು ಕಡಿಮೆ. ಪಾಕ ನೋಡುವವರು ಸೌಟಿನಿಂದ ಇಳಿಯುವ ಎಳೆ ನೋಡುತ್ತಾರೆ, ತಟ್ಟೆಯ ನೀರಿಗೆ ಒಂದು ಹನಿ ಬಿಡುತ್ತಾರೆ. ಮೊದಲೇ ಇಳಿಸಿದರೆ ಮಳೆಗಾಲದಲ್ಲಿ ಜೋನಿ ಹುಳಿ ಬರುತ್ತದೆ, ಡಬ್ಬಿಯ ಮುಚ್ಚಳ ಎತ್ತಿದಾಗ ನೊರೆ. ಸರಿಯಾದ ಪಾಕದ್ದು ವರ್ಷ ಕೆಡುವುದಿಲ್ಲ, ತಳದಲ್ಲಿ ಸಣ್ಣ ಹರಳು ಕಟ್ಟಬಹುದು. ಅದು ಕೆಟ್ಟದ್ದಲ್ಲ, ಮಕ್ಕಳಿಗೆ ಬೇಕಾದದ್ದೇ ಅದು.

ನಮ್ಮ ಬಯಲಲ್ಲಿ ಪಾಕ ಗೊತ್ತಿರುವವರು ಇಬ್ಬರೇ. ಇಬ್ಬರಿಗೂ ಎಪ್ಪತ್ತು ದಾಟಿದೆ. ಈ ವರ್ಷ ಅವರ ಪಕ್ಕ ಇಬ್ಬರು ಹುಡುಗರನ್ನು ಕೂರಿಸಿದ್ದೇವೆ. ಇದು ಪುಸ್ತಕ ನೋಡಿ ಬರುವ ವಿದ್ಯೆ ಅಲ್ಲ.

ಅಂಗಡಿಗೆ ಬರುವ ಹಳದಿ ಬೆಲ್ಲದಲ್ಲಿ ಬಣ್ಣಕ್ಕೆಂದು ಹೈಡ್ರೋಸ್ ಹಾಕುವುದುಂಟು. ಅದು ಗಂಧಕದ ಅಂಶ ಇರುವ ಬಿಳಿ ಪುಡಿ. ನಮ್ಮ ಆಲೆಮನೆಯಲ್ಲಿ ಯಾರೂ ಹಾಕಲಾರರು. ನಾವು ಹೆಚ್ಚು ಪ್ರಾಮಾಣಿಕರು ಅಂತಲ್ಲ. ಕೊಪ್ಪರಿಗೆಯ ಸುತ್ತ ಯಾವಾಗಲೂ ಇಪ್ಪತ್ತು ಕಣ್ಣು ಇರುತ್ತವೆ, ಅವರೇ ನಾಳೆ ತಿನ್ನುವವರು. ನನ್ನ ಜೋನಿಗೆ ಚೀಟಿಯೂ ಇಲ್ಲ, ಪ್ರಮಾಣಪತ್ರವೂ ಇಲ್ಲ. ಆದರೂ ಎಂಟು ಡಬ್ಬಿ ಆಲೆಮನೆಯಿಂದಲೇ ಹೋಯಿತು. ಕೊಂಡವರೆಲ್ಲ ನೋಡಿದವರು, ಇಲ್ಲವೇ ನೋಡಿದವರ ನೆಂಟರು.

ತೊಡದೇವಿನ ಮಾತು ಬಿಟ್ಟರೆ ಹೆಂಗಸರು ಜಗಳ ತೆಗೆಯುತ್ತಾರೆ. ತೊಡೆ ಎಂದರೆ ಬಳಿ, ಲೇಪಿಸು. ನೆನೆಸಿದ ಅಕ್ಕಿಯನ್ನು ಕಬ್ಬಿನ ಹಾಲು ಹಾಕಿ ನುಣ್ಣಗೆ ಬೀಸಿ, ನೀರಿನಷ್ಟು ತೆಳ್ಳಗೆ ಮಾಡುತ್ತಾರೆ. ಮಣ್ಣಿನ ಗಡಿಗೆಯನ್ನು ಬೋರಲು ಹಾಕಿ ಒಳಗಿನಿಂದ ಉರಿ ಕೊಟ್ಟು, ಕೋಲಿಗೆ ಸುತ್ತಿದ ಬಟ್ಟೆಯಿಂದ ಹಿಟ್ಟನ್ನು ಗಡಿಗೆಯ ಬೆನ್ನಿಗೆ ಒಂದೇ ಸಲ ಎಳೆಯುತ್ತಾರೆ. ಕ್ಷಣದಲ್ಲಿ ಬೆಂದು ಏಳುತ್ತದೆ, ಏಳುವಾಗಲೇ ಮಡಚಬೇಕು, ತಡವಾದರೆ ಪುಡಿ. ಒಬ್ಬರು ಎಳೆಯಬೇಕು, ಒಬ್ಬರು ಎಬ್ಬಿಸಿ ಮಡಚಬೇಕು, ಒಬ್ಬರು ಉರಿ ನೋಡಬೇಕು. ಒಬ್ಬಳೇ ಮಾಡಲು ಹೊರಟರೆ ಸೋಲುವ ತಿಂಡಿ ಇದು. ಮೂರು ಮನೆಯ ಅತ್ತಿಗೆ-ನಾದಿನಿಯರು ಸೇರುವ ದಿನ ಮಾತ್ರ ತೊಡದೇವು.

ಹಿಂದೆ ಎಲ್ಲವೂ ಚೆನ್ನಾಗಿತ್ತು ಎಂದು ನಾನು ಹೇಳಲಾರೆ. ಹಾಲು ಎಲ್ಲರಿಗೂ ಸಿಗುತ್ತಿತ್ತು, ಲೋಟ ಎಲ್ಲರಿಗೂ ಒಂದೇ ಆಗಿರಲಿಲ್ಲ. ಕಬ್ಬು ಹೊತ್ತವರು ಚಪ್ಪರದ ಹೊರಗೆ ನಿಂತು ಕುಡಿದದ್ದನ್ನು ಸಣ್ಣವನಿದ್ದಾಗ ನೋಡಿದ್ದೇನೆ. ಈಗಿನ ನಮ್ಮ ಐದು ಮನೆಯಲ್ಲಿ ಎರಡು ನಾಯ್ಕರ ಮನೆ. ಕಾವಲು ಸರದಿ, ಕಣೆ ಬಾಡಿಗೆ, ಸಿಪ್ಪೆಯ ಪಾಲು ಎಲ್ಲ ಸಮ. ಅವರಲ್ಲೊಬ್ಬರಿಗೆ ಬಯಲಲ್ಲಿ ಗದ್ದೆ ಇಲ್ಲ, ನನ್ನ ಗದ್ದೆಯ ಆ ತುದಿಯಲ್ಲಿ ಬೆಳೆದು ಗೇಣಿಗೆಂದು ಒಂದು ಡಬ್ಬಿ ಜೋನಿ ಕೊಟ್ಟಿದ್ದಾರೆ. ಲೋಟ ಒಂದೇ ಆದ ಮೇಲೆಯೇ ಮುಯ್ಯಿ ಸಲೀಸಾಯಿತು ಎಂಬುದು ನಾನು ಕಂಡದ್ದು.

ಈಗ ಮುಂದಿನ ವರ್ಷದ ಮಾತು. ಕಬ್ಬಿನ ತುದಿಭಾಗದ ಕಣ್ಣು ಬೇಗ ಮೊಳೆಯುವುದರಿಂದ ಬಿತ್ತನೆಗೆ ಅದೇ ಒಳ್ಳೆಯದು. ಕಡಿಯುವಾಗಲೇ ಮೂರು ಕಣ್ಣಿನ ತುಂಡು ಮಾಡಿ ಸೋಗೆ ಮುಚ್ಚಿ ನೆರಳಲ್ಲಿ ಇಟ್ಟಿದ್ದೇವೆ. ಐದರಲ್ಲಿ ಒಂದು ಮನೆಯವರು ಮಗನ ಜೊತೆ ಬೆಂಗಳೂರಿಗೆ ಹೋಗುತ್ತಾರಂತೆ, ಅವರ ಗದ್ದೆ ನಡು ಬಯಲಲ್ಲಿದೆ. ಅದು ಬೀಳುಬಿದ್ದರೆ ಬೇಲಿ ಎರಡಾಗುತ್ತದೆ. ಮೇಲಿನ ಕೇರಿಯ ಎರಡು ಮನೆಯವರಿಗೆ ಆ ಗದ್ದೆಯನ್ನು ಹಂಚಿ ಕೊಡಿಸುವ ಯೋಚನೆ ಇದೆ. ಹಾಲು ಕುಡಿಯಲು ಇಬ್ಬರೂ ಬಂದಿದ್ದರು, ಒಬ್ಬರು ಅರ್ಧ ದಿನ ಕಣೆಗೆ ಕಬ್ಬನ್ನೂ ಕೊಟ್ಟರು. ಆದರೆ ಇನ್ನೂ ಹೂಂ ಅಂದಿಲ್ಲ. ತುಂಡು ಒಣಗುವುದರೊಳಗೆ ಹೇಳಿ ಎಂದು ಬಂದಿದ್ದೇನೆ.