ರಟ್ಟಿನ ಕ್ಯಾಮೆರಾದ ಕೆಳಗೆ ಪರೀಕ್ಷೆ

ಶಿರಾ ಕಡೆಯ ಒಂದು ಸರ್ಕಾರಿ ಪ್ರೌಢಶಾಲೆ. ಹತ್ತನೇ ತರಗತಿಯ ಕೊಠಡಿಯಲ್ಲಿ, ಬೋರ್ಡಿನ ಮೇಲುಗಡೆ ಮೂಲೆಗೆ ಒಂದು ಸಿಸಿಟಿವಿ ಕ್ಯಾಮೆರಾ. ಹತ್ತಿರ ಹೋಗಿ ಕತ್ತೆತ್ತಿ ನೋಡಿದರೆ ಅದು ಮೊಬೈಲಿನ ರಟ್ಟಿನ ಡಬ್ಬ! ಮುಂದುಗಡೆ ಕಪ್ಪು ಬಳಿದ ಬಾಟಲಿ ಮುಚ್ಚಳ, ಹಿಂದೆ ಎಲ್ಲಿಗೂ ಸೇರದ ಒಂದು ವೈರು. ‘ಡಿಸೆಂಬರಿಂದ ಅಲ್ಲೇ ಇದೆ ಸಾರ್. ಮೊದಮೊದಲು ಮಕ್ಕಳು ಅದನ್ನೇ ನೋಡ್ತಾ ಕೂರೋರು. ಈಗ ಗೋಡೆ ಮೇಲೆ ಹಲ್ಲಿ ಇದ್ದಂಗೆ, ಯಾರೂ ತಲೆ ಎತ್ತಲ್ಲ’ ಅಂದರು ಗಣಿತದ ಮೇಷ್ಟ್ರು.

2024ರಲ್ಲಿ ಎಸ್ಸೆಸ್ಸೆಲ್ಸಿ ಪರೀಕ್ಷೆಗೆ ವೆಬ್‌ಕಾಸ್ಟಿಂಗ್, ಅಂದರೆ ಕೊಠಡಿಯ ಕ್ಯಾಮೆರಾ ಮೂಲಕ ನೇರ ನಿಗಾ, ಬಂದದ್ದು ಗೊತ್ತೇ ಇದೆ. ಹಿಂದಿನ ವರ್ಷ ಶೇ 83.89 ಇದ್ದ ಫಲಿತಾಂಶ ಶೇ 73.40ಕ್ಕೆ ಇಳಿಯಿತು, ಅದೂ ಕೃಪಾಂಕ ಕೊಟ್ಟ ಮೇಲೆ. ನಕಲಿಗೆ ಕಡಿವಾಣ ಬಿತ್ತು ಅಂತ ಎಲ್ಲರೂ ಅಂದರು, ನಾನೂ ಅಂದೆ. ಮೇಷ್ಟ್ರ ತಕರಾರು ಬೇರೆ. ಚೀಟಿಯ ಮುಖ ಕಾಣದ ಮಕ್ಕಳೂ ಕ್ಯಾಮೆರಾಕ್ಕೆ ಬೆದರಿದರು, ಬರುವ ಲೆಕ್ಕವನ್ನೂ ಅರ್ಧಕ್ಕೆ ಬಿಟ್ಟು ಬಂದರು ಎನ್ನುವುದು ಅವರ ಅನುಭವ. ಅದಕ್ಕೇ ಈ ರಟ್ಟಿನ ಡಬ್ಬ.

ನಾನು ಹೋದ ದಿನ ಅಣಕು ಪರೀಕ್ಷೆ. ಡೆಸ್ಕಿನ ಮೇಲೆಲ್ಲ ನೋಂದಣಿ ಸಂಖ್ಯೆ ಅಂಟಿಸಿದ್ದರು. ಕೊಠಡಿ ಮೇಲ್ವಿಚಾರಕಿ ಪಕ್ಕದೂರಿನ ಶಾಲೆಯವರು. ಪರಿಚಯದ ಮುಖ ಇದ್ದರೆ ಮಕ್ಕಳು ಸಲಿಗೆಯಿಂದ ಕೂರುತ್ತಾರೆ, ಅದು ಬೇಡ ಅಂತ ಬೇಕೆಂದೇ ಕರೆಸಿದ್ದು. ಆಯಮ್ಮ ನಗಲೂ ಇಲ್ಲ. ಹಾಲ್‌ಟಿಕೆಟ್ ನೋಡಿದರು, ಜಾಮಿಟ್ರಿ ಬಾಕ್ಸ್ ತೆರೆಸಿದರು, ಹತ್ತು ಗಂಟೆಗೆ ಸರಿಯಾಗಿ ಪ್ರಶ್ನೆಪತ್ರಿಕೆ ಹಂಚಿದರು.

ಆಮೇಲಿನ 15 ನಿಮಿಷ ನನ್ನನ್ನು ಹಿಡಿದು ನಿಲ್ಲಿಸಿತು. ಪರೀಕ್ಷಾ ಮಂಡಳಿ ಪ್ರಶ್ನೆಪತ್ರಿಕೆ ಓದಲು ಕೊಟ್ಟಿರುವ ಸಮಯವದು. ಹೆಚ್ಚಿನ ಕಡೆ ಮಕ್ಕಳು ಆ ಹೊತ್ತಿನಲ್ಲಿ ಕಿಟಕಿ ನೋಡುತ್ತಾರೆ, ಇಲ್ಲವೇ ಬಾರದ ಪ್ರಶ್ನೆಯೊಂದನ್ನೇ ದಿಟ್ಟಿಸುತ್ತ ಬೆವರುತ್ತಾರೆ. ಇಲ್ಲಿ ಪೆನ್ನೆಲ್ಲ ಡೆಸ್ಕಿನ ತುದಿಗೆ ಹೋದವು, ಉಗುರುಗಳು ಕೆಲಸಕ್ಕಿಳಿದವು. ಗೊತ್ತಿರುವ ಪ್ರಶ್ನೆಯ ಪಕ್ಕ ಹೆಬ್ಬೆರಳಿನ ಉಗುರಿನಿಂದ ಒಂದು ಗೀರು. ಗಣಿತಕ್ಕೆ 38 ಪ್ರಶ್ನೆ, 80 ಅಂಕ. ಕೊನೆಯ ಪುಟದವರೆಗೂ ಗೀರಿಕೊಂಡು ಹೋಗಬೇಕು. ಬೆಳಕಿಗೆ ಓರೆಯಾಗಿ ಹಿಡಿದರಷ್ಟೇ ಕಾಣುವ ಗುರುತು. ಪರೀಕ್ಷೆ ಮುಗಿದ ಮೇಲೆ ಒಬ್ಬ ಹುಡುಗಿಯ ಪತ್ರಿಕೆ ಇಸಿದುಕೊಂಡು ಎಣಿಸಿದೆ, 23 ಗೀರು. ‘ಬಾರದ್ದು ಬಂದ್ರೆ?’ ಅಂತ ಕೇಳಿದೆ. ‘ಅದುಕ್ಕೆ ಉಗುರು ತಾಗ್ಸಲ್ಲ ಸಾರ್. ಎಷ್ಟು ಗೊತ್ತು ಅಂತ ಮೊದ್ಲೇ ಲೆಕ್ಕ ಸಿಕ್ತದಲ್ಲ, ಪಾಸಂತೂ ಗ್ಯಾರಂಟಿ ಅಂದ್ಕಂಡು ಶುರು ಮಾಡ್ತೀನಿ’ ಎಂದಳು. ಇದನ್ನು ಯಾರು ಕಲಿಸಿದರು ಎಂದರೆ ಮೇಷ್ಟ್ರು ಹೆಗಲು ಕುಣಿಸಿದರು. ಹಿಂದಿನ ಬ್ಯಾಚಿನವರು ಬಿಟ್ಟು ಹೋದ ವಿದ್ಯೆಯಂತೆ.

ಭಯ ಹೋಗಲಾಡಿಸುವ, ಪಾಠ ಗಟ್ಟಿ ಮಾಡುವ ಬಗ್ಗೆ ವಿಜ್ಞಾನವೂ ಬೇಕಾದಷ್ಟು ಹೇಳಿದೆ. 2011ರಲ್ಲಿ ‘ಸೈನ್ಸ್’ ಪತ್ರಿಕೆಯಲ್ಲಿ ಎರಡು ಪ್ರಯೋಗಗಳು ಬಂದವು. ಪರೀಕ್ಷೆಗೆ ಮುಂಚೆ ಹತ್ತು ನಿಮಿಷ ತಮ್ಮ ಆತಂಕವನ್ನೆಲ್ಲ ಬರೆದುಬಿಟ್ಟರೆ ಅಂಕ ಹೆಚ್ಚುತ್ತದೆ ಎಂದರು ಶಿಕಾಗೋದ ರಾಮಿರೆಜ್ ಮತ್ತು ಬೈಲಾಕ್. ಪುಸ್ತಕ ಮುಚ್ಚಿ ನೆನಪಿನಿಂದ ಬರೆಯುವುದು ಪಾಠದ ಪರಿಕಲ್ಪನಾ ನಕ್ಷೆ ಬಿಡಿಸುವುದಕ್ಕಿಂತ ಮೇಲು ಎಂದರು ಪರ್ಡ್ಯೂ ವಿಶ್ವವಿದ್ಯಾಲಯದ ಕಾರ್ಪಿಕ್ ಮತ್ತು ಬ್ಲಂಟ್. 2018ರಲ್ಲಿ ಇವೆರಡೂ ಸೇರಿದಂತೆ 21 ಪ್ರಯೋಗಗಳನ್ನು ಇನ್ನೊಂದು ತಂಡ ಮತ್ತೆ ಮಾಡಿ ನೋಡಿದಾಗ 13 ಮಾತ್ರ ನಿಂತವು. ಆತಂಕ ಬರೆಯುವುದು ಬಿದ್ದುಹೋಯಿತು, ಪುಸ್ತಕ ಮುಚ್ಚುವುದು ಉಳಿಯಿತು. ನನಗೇನೂ ಆಶ್ಚರ್ಯವಾಗಲಿಲ್ಲ. ಫೆಬ್ರುವರಿ ಬಂತೆಂದರೆ ಊರೂರಿಗೆ ಬಂದು ‘ನಿನ್ನಿಂದ ಆಗುತ್ತೆ!’ ಎಂದು ಮೈಕಿನಲ್ಲಿ ಕೂಗಿ, ಶಾಲು ಹೊದಿಸಿಕೊಂಡು ಹೋಗುವ ಭಾಷಣಕಾರರ ಮೇಲೂ ನನಗೆ ಅಷ್ಟೇ ನಂಬಿಕೆ.

ಈ ಶಾಲೆಯಲ್ಲಿ ಸಂಜೆ ವಿಶೇಷ ತರಗತಿಯ ಕೊನೆಗೆ ಎಲ್ಲರೂ ಪುಸ್ತಕ ಚೀಲಕ್ಕೆ ತುರುಕಿ, ಆವತ್ತಿನ ಒಂದು ಪ್ರಮೇಯ ಇಲ್ಲವೇ ಒಂದು ಸಮೀಕರಣವನ್ನು ಬಿಡಿ ಹಾಳೆಯಲ್ಲಿ ಬರೆಯುತ್ತಾರೆ. ಅದಕ್ಕೆ ಅಂಕ ಇಲ್ಲ. ತಿದ್ದುವವರು ಪಕ್ಕದಲ್ಲಿ ಕೂತವರು. ಥೇಲ್ಸನ ಪ್ರಮೇಯದ ಚಿತ್ರ ಸೊಟ್ಟಗೆ ಬರೆದವನಿಗೆ ಗೆಳೆಯ ಗುದ್ದಿದ್ದೂ ಉಂಟು.

ಒಂದು ವಿಷಯದಲ್ಲಿ ಮಾತ್ರ ಮೇಷ್ಟ್ರಿಗೂ ನನಗೂ ಹೊಂದಲಿಲ್ಲ. ಈಗ ವರ್ಷಕ್ಕೆ ಒಂದಕ್ಕಿಂತ ಹೆಚ್ಚು ಪರೀಕ್ಷೆ, ಯಾವುದರಲ್ಲಿ ಹೆಚ್ಚು ಅಂಕವೋ ಅದನ್ನು ಉಳಿಸಿಕೊಳ್ಳಬಹುದು. ಇದನ್ನು ಮೊದಲ ದಿನವೇ ಮಕ್ಕಳಿಗೆ ಹೇಳಿದರೆ ಅರ್ಧ ದಿಗಿಲು ಇಳಿಯುತ್ತದೆ ಎಂದೆ. ‘ಎರಡನೇದು ಇದೆ ಅಂದ್ರೆ ಮೊದಲನೇದಕ್ಕೆ ಓದೋರ್ಯಾರು ಸಾರ್?’ ಎಂದರು ಅವರು. ಮುಖ್ಯ ಶಿಕ್ಷಕಿ ನನ್ನ ಪರ ನಿಂತರು. ವಾದ ನಡೆಯುತ್ತಿದ್ದಾಗ ಹಾಜರಿ ಪುಸ್ತಕ ಇಡಲು ಬಂದ ಹುಡುಗ ಬಾಗಿಲಲ್ಲೇ ನಿಂತು, ‘ಅದು ನಮ್ಗೆ ಒಂಬತ್ನೇ ಕ್ಲಾಸಲ್ಲೇ ಗೊತ್ತು ಸಾರ್, ಯೂಟ್ಯೂಬಲ್ಲಿ ನೋಡಿದೀವಿ’ ಎಂದು ಹೇಳಿ ಹೋದ.