ಇಸಾಕ್ ದುನಯೇವ್‌ಸ್ಕಿ: ಸೋವಿಯತ್ ಚಿತ್ರಗೀತೆಯ ಶಿಲ್ಪಿ

ಚಲಚ್ಚಿತ್ರದ ಹಾಡೆಂದರೆ ಮೂಗು ಮುರಿಯುವವರು ವಿದ್ವಾಂಸರಲ್ಲಿ ಇಂದಿಗೂ ಇದ್ದಾರೆ. ಅದು ಚಿತ್ರದೊಡನೆ ಹುಟ್ಟಿ ಚಿತ್ರದೊಡನೆಯೇ ಅಳಿಯುವ ವಸ್ತುವೆಂಬುದು ಅವರ ಮತ. ಈ ಮಾತಿಗೆ ತನ್ನ ಕೃತಿಗಳಿಂದಲೇ ಉತ್ತರ ಕೊಟ್ಟವರಲ್ಲಿ ಸೋವಿಯತ್ ದೇಶದ ಇಸಾಕ್ ಓಸಿಪೊವಿಚ್ ದುನಯೇವ್‌ಸ್ಕಿ ಒಬ್ಬ. ಅವನ ಜೀವನವನ್ನೂ, ಅದು ನಮ್ಮ ಮುಂದಿಡುವ ಒಂದು ಕಠಿಣ ಪ್ರಶ್ನೆಯನ್ನೂ ಇಲ್ಲಿ ಸಂಗ್ರಹವಾಗಿ ನಿರೂಪಿಸಲು ಯತ್ನಿಸುತ್ತೇನೆ.

ದುನಯೇವ್‌ಸ್ಕಿ ೧೯೦೦ನೆಯ ಜನವರಿ ೩೦ರಂದು ಇಂದಿನ ಯುಕ್ರೇನಿಗೆ ಸೇರಿದ ಲೋಖ್ವಿತ್ಸಾ ಎಂಬ ಊರಿನಲ್ಲಿ, ಯೆಹೂದಿ ಮನೆತನವೊಂದರಲ್ಲಿ ಹುಟ್ಟಿದ. ಖಾರ್ಕೋವ್ ನಗರದಲ್ಲಿ ಪಿಟೀಲನ್ನೂ ಸಂಗೀತರಚನೆಯನ್ನೂ ಕಲಿತು ೧೯೧೯ರಲ್ಲಿ ವ್ಯಾಸಂಗ ಮುಗಿಸಿದ. ಆದರೆ ಅವನ ನಿಜವಾದ ಪಾಠಶಾಲೆ ರಂಗಭೂಮಿ. ಅಲ್ಲಿನ ನಾಟಕಗಳಿಗೆ ಸಂಗೀತ ಒದಗಿಸುತ್ತ, ಹಣ ಕೊಟ್ಟು ಬಂದ ಸಾಮಾನ್ಯ ಪ್ರೇಕ್ಷಕನ ಕಿವಿಯನ್ನು ಹಿಡಿದು ನಿಲ್ಲಿಸುವ ವಿದ್ಯೆಯನ್ನು ಸಾಧಿಸಿದ. ೧೯೨೪ರಲ್ಲಿ ಮಾಸ್ಕೋವಿಗೂ, ೧೯೨೯ರಲ್ಲಿ ಲೆನಿನ್‌ಗ್ರಾಡಿಗೂ ಹೋದ. ಲೆನಿನ್‌ಗ್ರಾಡಿನಲ್ಲಿ ಹಾಡುಗಾರ ಲಿಯೊನಿದ್ ಉತ್ಯೋಸೊವ್‌ನ ಜಾಜ್ ತಂಡದೊಡನೆ ಅವನಿಗೆ ಸ್ನೇಹ ಬೆಳೆಯಿತು.

ಆ ಸ್ನೇಹದ ಫಲವೇ ೧೯೩೪ರ 'ಉಲ್ಲಾಸದ ಹುಡುಗರು' ಎಂಬ ಚಿತ್ರ. ನಿರ್ದೇಶಕ ಗ್ರಿಗೋರಿ ಅಲೆಕ್ಸಾಂದ್ರೊವ್, ನಾಯಕಿ ಲ್ಯುಬೋವ್ ಓರ್ಲೋವಾ, ದನ ಕಾಯುವ ನಾಯಕನಾಗಿ ಸ್ವತಃ ಉತ್ಯೋಸೊವ್. ಜಾಜನ್ನು ಅನುಮಾನದಿಂದ ನೋಡುತ್ತಿದ್ದ ನಾಡಿನಲ್ಲಿ ಅದರ ಲಯಕ್ಕೆ ಮೆರವಣಿಗೆಯ ಹೆಜ್ಜೆಯನ್ನೂ ಜನಪದ ಧಾಟಿಯ ಸರಳತೆಯನ್ನೂ ಬೆರೆಸಿದ್ದು ದುನಯೇವ್‌ಸ್ಕಿಯ ಜಾಣ್ಮೆ. ಕವಿ ಲೆಬೆದೆವ್-ಕುಮಾಚ್ ಪದಗಳನ್ನು ಬರೆದ ಆ ಮೆರವಣಿಗೆಯ ಹಾಡು ದೇಶದ ತುಂಬ ಹಬ್ಬಿತು. ಆದರೆ ಈ ನಗೆಯ ಚಿತ್ರವನ್ನು ತೆಗೆಯುತ್ತಿದ್ದಾಗಲೇ, ೧೯೩೩ರಲ್ಲಿ, ಅದರ ಕಥೆ ಬರೆದವರಲ್ಲೊಬ್ಬನಾದ ನಿಕೊಲಾಯ್ ಎರ್ದ್‌ಮನ್‌ನನ್ನು ಬಂಧಿಸಿದರು.

೧೯೩೬ರ 'ಸರ್ಕಸ್' ಅವನ ಕೀರ್ತಿಯ ಶಿಖರ. ಕರಿಯ ಮೈಬಣ್ಣದ ಮಗುವನ್ನು ಹೆತ್ತ ಅಮೆರಿಕದ ಸರ್ಕಸ್ ಕಲಾವಿದೆಯೊಬ್ಬಳು ಸ್ವದೇಶದವರ ದ್ವೇಷಕ್ಕೆ ಅಂಜಿ ಮಾಸ್ಕೋವಿಗೆ ಬರುತ್ತಾಳೆ. ಇದರಲ್ಲಿ ಬರುವ 'ತಾಯ್ನಾಡಿನ ಗೀತೆ' ದೇಶದ ವೈಶಾಲ್ಯವನ್ನೂ ಪ್ರಜೆಗಳ ಸ್ವಾತಂತ್ರ್ಯವನ್ನೂ ಕೊಂಡಾಡುತ್ತದೆ. ಅದರ ಕಟ್ಟಡವನ್ನು ಗಮನಿಸಬೇಕು: ಹಾಡು ಪಲ್ಲವಿಯಿಂದಲೇ ಆರಂಭವಾಗುತ್ತದೆ; ಕೇಳುವವನು ಮೊದಲ ಸಲಕ್ಕೇ ದನಿಗೂಡಿಸಬಲ್ಲ. ಚಿತ್ರದಲ್ಲಿ ಮೊದಲು ಪಿಯಾನೋದ ಬಳಿ ಇಬ್ಬರ ನಡುವಿನ ಮೆಲುದನಿಯಾಗಿ ಬಂದ ಅದೇ ಧಾಟಿ, ಕೊನೆಗೆ ಕೆಂಪು ಚೌಕದಲ್ಲಿ ಸಾವಿರಾರು ಜನರ ಮೆರವಣಿಗೆಯಾಗುತ್ತದೆ. ಮಾಸ್ಕೋ ರೇಡಿಯೋ ತನ್ನ ಗುರುತಿನ ನಾದಕ್ಕೆ ಈ ಹಾಡಿನ ಮೊದಲ ಸ್ವರಗಳನ್ನೇ ಆರಿಸಿಕೊಂಡಿತು.

ಇನ್ನೊಂದು ಮುಖವನ್ನೂ ನೋಡೋಣ. ೧೯೩೭-೩೮ರಲ್ಲಿ, ಸರ್ಕಾರದ ದಾಖಲೆಗಳ ಪ್ರಕಾರವೇ, ಆ 'ಸ್ವತಂತ್ರ' ನಾಡಿನಲ್ಲಿ ಸುಮಾರು ೬,೮೦,೦೦೦ ಜನರಿಗೆ ಮರಣದಂಡನೆಯಾಯಿತು. 'ಸರ್ಕಸ್' ಚಿತ್ರದ ಛಾಯಾಗ್ರಾಹಕ ವ್ಲದೀಮಿರ್ ನೀಲ್ಸೆನ್ ೧೯೩೮ರಲ್ಲಿ ಗುಂಡಿಗೆ ಬಲಿಯಾದ. ಚಿತ್ರದ ಕೊನೆಯಲ್ಲಿ ಆ ಮಗುವನ್ನು ಪ್ರೇಕ್ಷಕರು ಕೈಯಿಂದ ಕೈಗೆ ಎತ್ತಿಕೊಳ್ಳುತ್ತ ತಮ್ಮ ತಮ್ಮ ಭಾಷೆಗಳಲ್ಲಿ ಜೋಗುಳ ಹಾಡುತ್ತಾರೆ. ಯಿದ್ದಿಷ್ ಭಾಷೆಯ ನುಡಿಯನ್ನು ಹಾಡಿದವನು ಮಹಾನಟ ಸಾಲೊಮನ್ ಮಿಖೋಯೆಲ್ಸ್. ೧೯೪೮ರಲ್ಲಿ ಸ್ಟಾಲಿನ್ನನ ಅಪ್ಪಣೆಯಂತೆ ಅವನನ್ನು ಕೊಂದು, ರಸ್ತೆಯ ಅಪಘಾತವೆಂದು ತೋರಿಸಿದರು. ಅವನ ಪಾಲಿನ ಜೋಗುಳವನ್ನು ಚಿತ್ರದಿಂದ ಕತ್ತರಿಸಿದರು. ಸ್ಟಾಲಿನ್ ಸತ್ತ ಮೇಲೆ ಅದನ್ನು ಮತ್ತೆ ಸೇರಿಸಲಾಯಿತು.

ದುನಯೇವ್‌ಸ್ಕಿ ಮಾತ್ರ ಸನ್ಮಾನಗಳ ನಡುವೆ ಬಾಳಿದ. ೧೯೪೧ರಲ್ಲೂ ೧೯೫೧ರಲ್ಲೂ ಸ್ಟಾಲಿನ್ ಪ್ರಶಸ್ತಿ ಪಡೆದ. ಯುದ್ಧಕಾಲದಲ್ಲಿ ರೈಲ್ವೆ ಕಾರ್ಮಿಕರ ಹಾಡು-ಕುಣಿತದ ತಂಡವನ್ನು ನಡೆಸಿ ಊರೂರು ಸುತ್ತಿದ. 'ವೋಲ್ಗಾ-ವೋಲ್ಗಾ', 'ಕುಬಾನ್ ಕಸಾಕರು' ಮೊದಲಾದ ಚಿತ್ರಗಳಿಗೂ ಹಲವು ಗೀತನಾಟಕಗಳಿಗೂ ಸಂಗೀತ ಕೊಟ್ಟ. ಬರಗಾಲ ಕಳೆದು ಹೆಚ್ಚು ಕಾಲವಾಗಿರದ ನಾಡಿನಲ್ಲಿ ತುಂಬಿ ತುಳುಕುವ ಸಂತೆಯನ್ನು ತೋರಿಸಿದ 'ಕುಬಾನ್ ಕಸಾಕರು' ಇಂದು ಸುಳ್ಳೆನಿಸುತ್ತದೆ. ಅದರ ಹಾಡುಗಳನ್ನು ಮಾತ್ರ ಜನ ಬಿಡಲಿಲ್ಲ. ೧೯೫೫ರ ಜುಲೈ ೨೫ರಂದು ಹೃದಯಾಘಾತದಿಂದ ಅವನು ತೀರಿಕೊಂಡಾಗ 'ಬಿಳಿಯ ಜಾಲಿ' ಎಂಬ ಗೀತನಾಟಕ ಅರ್ಧದಲ್ಲೇ ಉಳಿದಿತ್ತು. ಅದನ್ನು ಕಿರಿಲ್ ಮೊಲ್ಚಾನೊವ್ ಪೂರ್ಣಗೊಳಿಸಿದ.

ಹಾಗಾದರೆ ಅವನ ಸಂಗೀತವನ್ನು ಹೇಗೆ ಕೇಳಬೇಕು? ಹೊಗಳುಭಟನ ಕೆಲಸವೆಂದು ತಳ್ಳಿಬಿಡುವುದು ಸುಲಭ. ಕಲೆಗೂ ಕಾಲಕ್ಕೂ ಸಂಬಂಧವಿಲ್ಲವೆನ್ನುವುದು ಇನ್ನೂ ಸುಲಭ. ನನಗೆ ಎರಡೂ ಒಪ್ಪಿಗೆಯಿಲ್ಲ. 'ಕ್ಯಾಪ್ಟನ್ ಗ್ರಾಂಟನ ಮಕ್ಕಳು' ಚಿತ್ರದ ಆರಂಭಸಂಗೀತಕ್ಕೆ ಯಾವ ಘೋಷಣೆಯ ಆಸರೆಯೂ ಇಲ್ಲ. ಕಡಲ ಪಯಣದ ಆತಂಕವೂ ಆಸೆಯೂ ಅದರಲ್ಲಿ ತಾವಾಗಿ ಏಳುತ್ತವೆ. ಅದನ್ನು ರಚಿಸಿದ ಕೈಯೇ 'ತಾಯ್ನಾಡಿನ ಗೀತೆ'ಯನ್ನೂ ರಚಿಸಿತು. ಧಾಟಿಯ ಚೆಲುವು ನಿಜ. ಅದು ಹೊತ್ತ ಮಾತು ನಿಜವಲ್ಲ. ಚೆಲುವಾದ ಧಾಟಿಯಲ್ಲಿ ಸುಳ್ಳು ಬೇಗ ಮನಸ್ಸಿಗಿಳಿಯುತ್ತದೆ. ಆದ್ದರಿಂದ ಅಂಥ ಹಾಡಿಗೆ ತಲೆದೂಗುವಾಗಲೂ ಅದರ ಮಾತನ್ನು ಒರೆಗೆ ಹಚ್ಚುವ ಹೊಣೆ ಕೇಳುಗನದು. ಆ ಜೋಗುಳವನ್ನು ಕೇಳುವಾಗ ಕತ್ತರಿಸಿಹೋಗಿದ್ದ ದನಿಯನ್ನೂ ನೆನೆಯುವುದೇ ದುನಯೇವ್‌ಸ್ಕಿಗೆ ನಾವು ಸಲ್ಲಿಸಬಹುದಾದ ಸರಿಯಾದ ಗೌರವವೆಂದು ನನ್ನ ನಂಬಿಕೆ.